ಮಧ್ಯಂತರಕ್ಕೇ ತೀರ್ಪು

ನಿನ್ನೆ ಕುಶಾಲನಗರದಲ್ಲಿ ಸಿನಿಮಾವೊಂದರ ಮೊದಲ ಆಟಕ್ಕೆ ಹೋಗಿದ್ದೆ. ಮಧ್ಯಂತರದಲ್ಲಿ ಪಕ್ಕ ನಿಂತಿದ್ದ ಹುಡುಗನೊಬ್ಬ ಮೊಬೈಲನ್ನು ಮುಖದೆದುರು ಹಿಡಿದು, "ಫಸ್ಟ್ ಹಾಫ್ ಲ್ಯಾಗ್, ಬಿಜಿಎಂ (ಹಿನ್ನೆಲೆ ಸಂಗೀತ) ಬೆಂಕಿ, ಐದಕ್ಕೆ ಎರಡೂವರೆ" ಎಂದು ಹೇಳಿ, ನಾನು ಚಹಾ ಮುಗಿಸುವಷ್ಟರಲ್ಲಿ ಆ ವಿಡಿಯೋವನ್ನು ಯೂಟ್ಯೂಬಿಗೆ ಅಪ್‌ಲೋಡ್ ಮಾಡಿಯೂ ಬಿಟ್ಟ. ಅರ್ಧ ಕಥೆ ಇನ್ನೂ ಬಾಕಿಯಿತ್ತು. ಆಟ ಬಿಟ್ಟಾಗ ಮೆಟ್ಟಿಲಿಳಿಯುತ್ತಿದ್ದ ನಾಲ್ಕಾರು ಮಂದಿಯ ಬಾಯಲ್ಲೂ ಅದೇ "ಲ್ಯಾಗ್". ಯಾವ ದೃಶ್ಯ ಎಳೆದಂತಿತ್ತು ಎಂದು ಒಬ್ಬರನ್ನು ಕೇಳಿದೆ, ಅವರಿಗೆ ಹೇಳಲಾಗಲಿಲ್ಲ.

ಹಿಂದೆ ಸಿನಿಮಾ ನೋಡಿ ಮಡಿಕೇರಿಯಿಂದ ಕೊನೆಯ ಬಸ್ಸಿನಲ್ಲಿ ಊರಿಗೆ ಮರಳುವಾಗ ದಾರಿಯುದ್ದಕ್ಕೂ ಜಗಳವಾಡುತ್ತಿದ್ದೆವು. ಆ ಜಗಳದ ಮಾತು ನಮ್ಮದಾಗಿತ್ತು. ಈಗ ತೀರ್ಪು ಮೊದಲು ಬರುತ್ತದೆ, ನೋಟ ಆಮೇಲೆ. ಬಿಡುಗಡೆಯ ದಿನ ಮೊದಲು ವಿಡಿಯೋ ಹಾಕಿದವನಿಗೆ ವೀಕ್ಷಣೆ ಹೆಚ್ಚು, ವೀಕ್ಷಣೆಗೆ ತಕ್ಕಂತೆ ಜಾಹೀರಾತಿನ ಹಣ. ಹೀಗಿರುವಾಗ ಎರಡನೆಯ ಅರ್ಧಕ್ಕೆ ಕಾಯುವವರು ಯಾರು? ಅಭಿಮಾನಿಗಳಂತೂ ತಮ್ಮ ನಟನಿಗೆ ಹತ್ತಕ್ಕೆ ಹತ್ತು, ಎದುರಾಳಿಗೆ ಒಂದು ಅಂಕ ಎಂದು ಮೊದಲೇ ನಿರ್ಧರಿಸಿಕೊಂಡೇ ಬಂದಿರುತ್ತಾರೆ.

2024ರ ನವೆಂಬರಿನಲ್ಲಿ ತಮಿಳು ನಿರ್ಮಾಪಕರ ಸಂಘಟನೆಯೊಂದು, ಚಿತ್ರಮಂದಿರದ ಆವರಣದಲ್ಲಿ ಯೂಟ್ಯೂಬರುಗಳಿಗೆ ಅವಕಾಶ ಕೊಡಬೇಡಿ ಎಂದು ಮಾಲೀಕರನ್ನು ಕೇಳಿಕೊಂಡಿತು. ಅದೇ ವರ್ಷ ಕೇರಳ ಹೈಕೋರ್ಟಿಗೆ ನೆರವಾಗಲು ನೇಮಕಗೊಂಡಿದ್ದ ವಕೀಲರು, ಬಿಡುಗಡೆಯಾಗಿ 48 ಗಂಟೆ ಕಳೆಯುವವರೆಗೆ ವಿಮರ್ಶೆ ಬೇಡವೆಂದು ಸಲಹೆ ನೀಡಿದ್ದರು. ಇವೆರಡನ್ನೂ ನಾನು ಒಪ್ಪುವುದಿಲ್ಲ. ದುಡ್ಡು ಕೊಟ್ಟು ನೋಡಿದವನ ಬಾಯಿ ಮುಚ್ಚಿಸುವ ಹಕ್ಕು ಯಾರಿಗೂ ಇಲ್ಲ. ಆದರೆ ಪೂರ್ತಿ ನೋಡಿ ಮಾತಾಡಿ ಎಂದು ಕೇಳುವ ಹಕ್ಕು ನನಗಿದೆ.

ಪ್ರಚಾರಕ್ಕೆ ಹಣವಿಲ್ಲದ ಸಣ್ಣ ಚಿತ್ರಗಳನ್ನು ಈ ಯೂಟ್ಯೂಬರುಗಳೇ ಅಲ್ಲವೇ ಎತ್ತಿ ಹಿಡಿಯುವುದು ಎಂದು ನೀವು ಕೇಳುತ್ತೀರಿ. ನಮ್ಮ ಕೊಡವ ಭಾಷೆಯಲ್ಲಿ 1972ರಲ್ಲೇ ಸಿನಿಮಾ ಬಂದಿದೆ, ಇಂದಿಗೂ ಆಗೊಮ್ಮೆ ಈಗೊಮ್ಮೆ ಬರುತ್ತಿದೆ. ನಾನು ನೋಡುವ ಒಂದು ಚಾನೆಲ್‌ನಲ್ಲೂ ಅವುಗಳ ಹೆಸರು ಕೇಳಿಲ್ಲ. 2011ರ ಜನಗಣತಿಯಂತೆ ಈ ಭಾಷೆ ಆಡುವವರು ಒಂದು ಲಕ್ಷಕ್ಕೆ ತುಸು ಹೆಚ್ಚು. ಅಷ್ಟು ಕಡಿಮೆ ಜನರಿರುವ ಕಡೆ ವೀಕ್ಷಣೆ ಎಲ್ಲಿಂದ ಬರಬೇಕು?

ಒಂದು ವಿಷಯ ಹೇಳಿಬಿಡುತ್ತೇನೆ. ಕಳೆದ ಮಳೆಗಾಲದಲ್ಲಿ ಇಂಥದೇ ಒಂದು ವಿಡಿಯೋ ನಂಬಿ, ಅವ್ವನನ್ನು ಸಿನಿಮಾಕ್ಕೆ ಕರೆದೊಯ್ಯುವುದನ್ನು ಬಿಟ್ಟೆ. ತಿಂಗಳುಗಳ ನಂತರ ಅದೇ ಚಿತ್ರವನ್ನು ಅವರು ನನ್ನ ಮೊಬೈಲಿನಲ್ಲಿ, ಕನ್ನಡಕವನ್ನು ಹಣೆಗೇರಿಸಿಕೊಂಡು, ಕಣ್ಣೊರೆಸಿಕೊಳ್ಳುತ್ತಾ ನೋಡಿದರು. "ಟಾಕೀಸಿಗೆ ಹೋಗಬಹುದಿತ್ತಲ್ಲ, ಮಗ" ಎಂದರು. ಬರುವ ಭಾನುವಾರ ಇಬ್ಬರೂ ಹೋಗುತ್ತಿದ್ದೇವೆ. ಅಲ್ಲಿಯವರೆಗೆ ದಯವಿಟ್ಟು ಯಾರೂ ನನಗೆ ಯಾವ ಲಿಂಕನ್ನೂ ಕಳಿಸಬೇಡಿ.