ಭರಣಿಯೊಳಗೆ ಸಿಕ್ಕಿಕೊಂಡ ಲೋಕನಾಥ್

ನಮ್ಮ ಮನೆಯಲ್ಲಿ ಮಾವಿನಮಿಡಿ ಹಾಕಿದ ಮೇಲೆ ಭರಣಿಯ ಬಾಯಿಗೆ ಬಟ್ಟೆ ಬಿಗಿದು ಅಟ್ಟದ ಮೂಲೆಯಲ್ಲಿ ಇಡುತ್ತಿದ್ದರು. ಅಟ್ಟದಲ್ಲಿ ಸಣ್ಣ ಸದ್ದಾದರೂ ಸಾಕು, ಅಮ್ಮ ಕೆಳಗಿನಿಂದಲೇ "ಯಾರೋ ಅದು, ಲೋಕನಾಥ?" ಎಂದು ಕೂಗುತ್ತಿದ್ದರು. ಮನೆಯಲ್ಲಿ ಆ ಹೆಸರಿನವರು ಯಾರೂ ಇರಲಿಲ್ಲ; ಸಿನಿಮಾದಲ್ಲಿ ಉಪ್ಪಿನಕಾಯಿಗೆ ಆಸೆಪಟ್ಟು 'ಉಪ್ಪಿನಕಾಯಿ ಲೋಕನಾಥ್' ಎಂದೇ ಹೆಸರಾದ ನಟ ಅವರು. ಆದರೂ ನಾನೂ ಅಣ್ಣನೂ ಬಿದ್ದಂಬೀಳ ಓಡುತ್ತಿದ್ದೆವು.

ಮೊನ್ನೆ ಚಿಕ್ಕಮಗಳೂರಿನ ಎಂ.ಜಿ. ರಸ್ತೆಯ ಹೋಟೆಲೊಂದರಲ್ಲಿ ಕಾಫಿ ಕುಡಿಯುವಾಗ ಟಿವಿಯಲ್ಲಿ 'ಭೂತಯ್ಯನ ಮಗ ಅಯ್ಯು' ಚಿತ್ರ ಬರುತ್ತಿತ್ತು, ಅದೇ ಲೋಕನಾಥ್ ಅವರ ಉಪ್ಪಿನಕಾಯಿ ದೃಶ್ಯ. ಜೊತೆಗಿದ್ದ ಅಣ್ಣನ ಮಗ, "ಚಿಕ್ಕಪ್ಪ, ಇವರು ಬೇರೆ ಯಾವುದರಲ್ಲಿ ಇದ್ದಾರೆ?" ಎಂದು ಕೇಳಿದ. 650ಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದ ಮನುಷ್ಯ. ನನ್ನ ಬಾಯಿಗೆ ಥಟ್ಟನೆ ಒಂದು ಹೆಸರೂ ಬರಲಿಲ್ಲ. ನಾಚಿಕೆಯಾಯಿತು.

ಸಿ.ಎಚ್. ಲೋಕನಾಥ್ ಹುಟ್ಟಿದ್ದು 1927ರಲ್ಲಿ. ಮೊದಲ ಚಿತ್ರ 'ಸಂಸ್ಕಾರ' ಬಂದದ್ದು 1970ರಲ್ಲಿ. ನಾಯಕನಾಗುವ ವಯಸ್ಸು ದಾಟಿ, ರಂಗಭೂಮಿಯಲ್ಲಿ ಹದವಾಗಿ ಬೆಂದು ಬಂದವರು. ಹಾಗಾಗಿ ತೆರೆಯ ಮೇಲೆ ಅವರ ಯೌವನವನ್ನು ನೋಡಿದವರಿಲ್ಲ. ನಮ್ಮ ಪಾಲಿಗೆ ಅವರು ಮೊದಲಿನಿಂದಲೂ ಹಿರಿಯರೇ. ಮುಪ್ಪನ್ನೇ ದುಡಿಮೆ ಮಾಡಿಕೊಂಡು ನಾಲ್ಕು ದಶಕಕ್ಕೂ ಹೆಚ್ಚು ಕಾಲ ನಿಂತರು.

ಇನ್ನೊಂದು ಮಾತು, ಇದು ನಮ್ಮ ಜಿಲ್ಲೆಯವರಿಗೆ. 'ಸಂಸ್ಕಾರ'ದ ಚಿತ್ರೀಕರಣ ನಡೆದದ್ದು ಶೃಂಗೇರಿ ಬಳಿಯ ವೈಕುಂಠಪುರದಲ್ಲಿ. 1974ರ 'ಭೂತಯ್ಯನ ಮಗ ಅಯ್ಯು' ತಯಾರಾದದ್ದು ಕಳಸಾಪುರದಲ್ಲಿ. (ಕಳಸ ಅಲ್ಲ ಮಾರಾಯರೇ, ಕಳಸಾಪುರ! ಪ್ರತಿ ಸಲ ಹೇಳಬೇಕು.) ಅವರಿಗೆ ಸಿನಿಮಾದ ಮೊದಲ ವೇಷ ಕೊಟ್ಟದ್ದೂ 'ಉಪ್ಪಿನಕಾಯಿ' ಎಂಬ ಅಡ್ಡಹೆಸರು ಅಂಟಿಸಿದ್ದೂ ನಮ್ಮ ಮಣ್ಣೇ.

ಆ ಅಡ್ಡಹೆಸರಿನ ಮೇಲೆಯೇ ನನ್ನ ತಕರಾರು. ಉಪ್ಪಿನಕಾಯಿ ದೃಶ್ಯ ನೋಡಿ ನಾವು ನಕ್ಕದ್ದು ಅವರ ಬಾಯಿಚಪಲಕ್ಕೆ. ಆದರೆ ಊರಿಗೆ ಊರನ್ನೇ ಸಾಲದಲ್ಲಿ ಹಿಡಿದಿಟ್ಟ ಭೂತಯ್ಯನ ಕಥೆ ಅದು. ಅಂಥ ಊರಿನಲ್ಲಿ ಒಬ್ಬ ಉಪ್ಪಿನಕಾಯಿಗೆ ಅಷ್ಟು ಆಸೆಪಡುತ್ತಾನೆ ಎಂದರೆ ಅದು ಬರೀ ಚಪಲವಲ್ಲ, ಬಡತನ. ಲೋಕನಾಥ್ ಅದನ್ನು ಬಲ್ಲವರಂತೆ ನಟಿಸಿದರು. ನಮಗೆ ಕಂಡದ್ದು ಭರಣಿ ಮಾತ್ರ.

ಪೋಷಕ ನಟ ಎನ್ನುತ್ತೇವಲ್ಲ, ಆ ಮಾತು ಎಷ್ಟು ನಿಜ! ನಾಯಕನ ಕಾಲ್‌ಶೀಟಿಗೆ ಹೊಂದಿಕೊಂಡು, ಮೇಕಪ್ ಹಚ್ಚಿಕೊಂಡು ಮರದಡಿ ಕಾದು, ಸಂಜೆ ಎರಡು ಮಾತು ಹೇಳಿ ಇಡೀ ದೃಶ್ಯವನ್ನು ಸಾಕಿ ಬರಬೇಕು. ಆ ಎರಡು ಮಾತು ಯಾವ ಚಿತ್ರದ್ದೆಂದು ಆಮೇಲೆ ಯಾರೂ ಕೇಳುವುದಿಲ್ಲ. ಧಾರಾವಾಹಿಗಳಲ್ಲಂತೂ ಅಜ್ಜನ ಪಾತ್ರ ಒಂದು ದಿನ ಹೇಳದೆ ಕೇಳದೆ ಮಾಯವಾದರೂ ಕಥೆ ನಿಲ್ಲುವುದಿಲ್ಲ.

2018ರ ಡಿಸೆಂಬರ್ 31ರಂದು ಲೋಕನಾಥ್ ತೀರಿಕೊಂಡಾಗ ನಾನೂ "ಉಪ್ಪಿನಕಾಯಿ ಲೋಕನಾಥ್ ಇನ್ನಿಲ್ಲ" ಎಂದೇ ಇಲ್ಲಿ ಬರೆದಿದ್ದೆ. ನೆನಪಿದೆ.

ಹೋಟೆಲಿನಿಂದ ಮನೆಗೆ ಬಂದ ರಾತ್ರಿ ಹುಡುಗನನ್ನು ಪಕ್ಕದಲ್ಲಿ ಕೂರಿಸಿಕೊಂಡು 'ಸಂಸ್ಕಾರ' ಹಾಕಿದೆ. ಅಗ್ರಹಾರ, ಹೊಳೆ, ಮಳೆಗಾಲದ ಕಪ್ಪು ಹೆಂಚು. ನಾನು ಕನ್ನಡಕ ಒರೆಸಿಕೊಳ್ಳುತ್ತಿದ್ದೆ. ಅವನು ನನ್ನ ಮೊಣಕೈ ತಿವಿದು ಪರದೆಯತ್ತ ಬೆರಳು ತೋರಿಸಿದ.

"ಚಿಕ್ಕಪ್ಪ, ಲೋಕನಾಥ್."