ನಿಂದನೆ ಎಲ್ಲಾಯ್ತು ಮಾರಾಯ್ರೆ?

'ನ್ಯಾಯಾಂಗ ನಿಂದನೆ' ಅಂತ ಹೆಸರಿಟ್ಟವರು ನಮ್ಮ ಶಿರಸಿ ಕಡೆಯ ಕಚೇರಿಗೆ ಬಂದವರಲ್ಲ. ಇಲ್ಲಿ ಕೋರ್ಟಿಗೆ ಯಾರೂ ಬೈಯುವುದಿಲ್ಲ. ಆದೇಶ ಬಂದರೆ ಎರಡೂ ಕೈಯಲ್ಲಿ ತಗೊಂಡು, ಸೀಲು ಹೊಡೆದು, ಕೆಂಪು ದಾರ ಕಟ್ಟಿ, ಕಪಾಟಿನ ಮೇಲೆ ಇಡುತ್ತಾರೆ. ಪಕ್ಕದಲ್ಲೇ ದೇವರ ಫೋಟೋ. ಎರಡಕ್ಕೂ ಕೈಮುಗಿಯುತ್ತಾರೆ. ಮತ್ತೆ ಎರಡನ್ನೂ ಮುಟ್ಟುವುದಿಲ್ಲ.

ನಮ್ಮ ಪಕ್ಕದ ಮನೆ ಅಜ್ಜನ ತೋಟದ ಹನ್ನೊಂದು ಗುಂಟೆ ರಸ್ತೆಗೆ ಹೋಯಿತು. ಜಾಸ್ತಿ ಪರಿಹಾರ ಕೊಡಿ ಅಂತ ಕೋರ್ಟು ಹೇಳಿದ ಮೇಲೆ ಮೂರು ಮಾರಿಕಾಂಬಾ ಜಾತ್ರೆ ಕಳೆದವು. ಜಾತ್ರೆ ಬರುವುದು ಎರಡು ವರ್ಷಕ್ಕೊಮ್ಮೆ, ಲೆಕ್ಕ ನೀವೇ ಹಾಕಿಕೊಳ್ಳಿ.

ಅಜ್ಜ ಹೈಕೋರ್ಟಿನ ಧಾರವಾಡ ಪೀಠಕ್ಕೆ ಹೋದರು. ಎಂಟು ವಾರದಲ್ಲಿ ಕೊಡಿ ಅಂತ ಆದೇಶವಾಯಿತು. ಕಚೇರಿಯವರು ಕೊಡಲಿಲ್ಲ. ನಿಂದನೆ ಅರ್ಜಿ ಬಿತ್ತು. 1971ರ ನ್ಯಾಯಾಂಗ ನಿಂದನೆ ಕಾಯ್ದೆಯಲ್ಲಿ, ಬೇಕೆಂದೇ ಆದೇಶ ಮೀರಿದರೂ ನಿಂದನೆಯೇ. ಆರು ತಿಂಗಳವರೆಗೆ ಸಾದಾ ಸಜೆ, ಇಲ್ಲವೇ 2000 ರೂಪಾಯಿವರೆಗೆ ದಂಡ, ಅಥವಾ ಎರಡೂ. ಈ 2000 ಇದೆಯಲ್ಲ, ಅದು ಬ್ರಿಟಿಷರು 1926ರಲ್ಲಿ ಬರೆದಿಟ್ಟ ಅಂಕಿ. ಆಗ ಅಷ್ಟು ದುಡ್ಡಿಗೆ ತೋಟವೇ ಬರುತ್ತಿತ್ತೋ ಏನೋ. ಈಗ ಐದು ಕಿಲೋ ರಾಶಿ ಅಡಿಕೆ ಬಂದರೆ ಹೆಚ್ಚು. ಅದನ್ನೂ ಕಟ್ಟಬೇಕೆಂದಿಲ್ಲ. ಕೇಳಿದ ಕ್ಷಮೆ ಕೋರ್ಟಿಗೆ ಒಪ್ಪಿಗೆಯಾದರೆ ಬಿಟ್ಟುಬಿಡಬಹುದು ಅಂತ ಅದೇ ಕಾಯ್ದೆಯ 12ನೇ ಸೆಕ್ಷನ್ ಹೇಳುತ್ತದೆ.

ಕಚೇರಿಯ ಸಾಹೇಬರು ಕ್ಷಮೆ ಕೇಳಿದರು. ಬೇಷರತ್ತಾಗಿ. 'ಕಡತ ಮೇಲಕ್ಕೆ ಹೋಗಿದೆ, ನಾಲ್ಕು ವಾರ ಕೊಡಿ.' ಮೂರನೇ ವಾರ ಅವರಿಗೆ ವರ್ಗವಾಯಿತು. ಹೊಸಬರಿಗೆ ಆದೇಶ ಬಂದದ್ದೇ ಗೊತ್ತಿಲ್ಲ. ಗೊತ್ತಿಲ್ಲದವರು ಬೇಕೆಂದೇ ಹೇಗೆ ಮೀರುತ್ತಾರೆ, ಅಲ್ವಾ? ಆದರೂ ದೊಡ್ಡ ಮನಸ್ಸು, ಅವರೂ ಕ್ಷಮೆ ಕೇಳಿದರು. ಅಜ್ಜನ ಹತ್ತಿರ ಮಾತ್ರ ಯಾರೂ ಕೇಳಿಲ್ಲ.

ಕೊನೆಗೆ ಕೋರ್ಟಿನಲ್ಲಿ, ದುಡ್ಡು ಬೇಕಾದರೆ ಅಮಲ್ಜಾರಿ ಅರ್ಜಿ, ಅಂದರೆ ತೀರ್ಪು ಜಾರಿ ಮಾಡಿಸುವ ಅರ್ಜಿ ಹಾಕಿ ಅಂದರು. ಈ ದೇಶದಲ್ಲಿ ಡಿಕ್ರಿ, ಅಂದರೆ ಕೋರ್ಟಿನ ತೀರ್ಪು, ಸಿಕ್ಕ ಮೇಲೇ ಕಕ್ಷಿದಾರನ ಕಷ್ಟ ಶುರು ಅಂತ ಬ್ರಿಟಿಷರ ಕಾಲದ ಕೊನೆಯ ಮೇಲ್ಮನವಿ ಕೋರ್ಟು ಪ್ರಿವಿ ಕೌನ್ಸಿಲ್ 1872ರಲ್ಲೇ ಹೇಳಿತ್ತು. ಅಮಲ್ಜಾರಿಯನ್ನು ಆರು ತಿಂಗಳಲ್ಲಿ ಮುಗಿಸಿ ಅಂತ ಸುಪ್ರೀಂ ಕೋರ್ಟು 2021ರಲ್ಲಿ ಹೇಳಿತು. ಈ ಮಾತನ್ನು ಜಾರಿ ಮಾಡಿಸಲು ಯಾವ ಅರ್ಜಿ ಹಾಕಬೇಕು ಅಂತ ಅಜ್ಜನ ವಕೀಲರು ಇನ್ನೂ ತಲೆ ಕೆರೆದುಕೊಳ್ಳುತ್ತಿದ್ದಾರೆ.

ಮೊನ್ನೆ ಕೋರ್ಟಿನ ಅಮೀನರು ಜಪ್ತಿಗೆ ಬಂದರು. ಸಾಹೇಬರು ಕುಮಟೆಗೆ ಮೀಟಿಂಗಿಗೆ ಹೋಗಿದ್ದರು, ಜೀಪಿನ ಸಮೇತ. ಸಿಕ್ಕಿದ್ದು ಆರು ಕುರ್ಚಿ, ಒಂದು ಮಾನಿಟರ್, ತಿರುಗದ ಒಂದು ಫ್ಯಾನು. ಒಂದು ಕುರ್ಚಿಯ ಕಾಲಿಗೆ ಸುತಳಿ ಬಿಗಿದಿತ್ತು. ಲಗೇಜ್ ರಿಕ್ಷಾದ ಬಾಡಿಗೆ ಅಜ್ಜನದ್ದೇ.

ರಿಕ್ಷಾ ಬರುವುದು ತಡವಾಯಿತು. ಅಂಗಳಕ್ಕೆ ತಂದಿಟ್ಟ ಸಾಹೇಬರ ಕುರ್ಚಿಯಲ್ಲಿ ಅಜ್ಜ ಸುಮ್ನೆ ಕೂತು, ಕವಳದ ಸಂಚಿ ಬಿಚ್ಚಿದರು. ಇಷ್ಟು ವರ್ಷ ಅಲೆದರೂ ಆ ಕಚೇರಿಯಲ್ಲಿ ಕೂತ್ಕೊಳ್ಳಿ ಅಂದವರಿರಲಿಲ್ಲ. ಎಲೆಗೆ ಸುಣ್ಣ ಹಚ್ಚುವಷ್ಟರಲ್ಲಿ ಗುಮಾಸ್ತ ಓಡಿ ಬಂದ.

'ಅಜ್ಜಾ, ಏಳಿ ಏಳಿ. ಅದು ಸರ್ಕಾರಿ ಕುರ್ಚಿ!'