ಲೆವಿಟ್‌ಟೌನ್‌ನಿಂದ ದುಡಿಯುವವರಿಗೆ ಒಳ್ಳೆಯದಾಯಿತೇ?

ಪರ

ಎರಡನೇ ಮಹಾಯುದ್ಧ ಮುಗಿಸಿ ಬಂದ ಅಮೆರಿಕದ ಸೈನಿಕರಿಗೆ ಮನೆ ಸಿಗುತ್ತಿರಲಿಲ್ಲ. ಮದುವೆಯಾದವರೂ ಹೆತ್ತವರ ಮನೆಯ ಒಂದು ಕೋಣೆಯಲ್ಲಿ ದಿನ ನೂಕುತ್ತಿದ್ದರು. 1947ರಲ್ಲಿ ವಿಲಿಯಂ ಲೆವಿಟ್ ಎಂಬ ಕಂಟ್ರಾಕ್ಟರ್, ನ್ಯೂಯಾರ್ಕ್ ಪಕ್ಕದ ಲಾಂಗ್ ಐಲೆಂಡ್‌ನ ಆಲೂಗಡ್ಡೆ ಹೊಲಗಳಲ್ಲಿ ಮನೆ ಕಟ್ಟಲು ಶುರುಮಾಡಿದ. ಆ ಬಡಾವಣೆಯೇ ಲೆವಿಟ್‌ಟೌನ್. ಕಾರ್ಖಾನೆಯಲ್ಲಿ ಕಾರು ಸರಿಯುತ್ತದೆ, ಕೆಲಸಗಾರ ನಿಂತಿರುತ್ತಾನೆ. ಇಲ್ಲಿ ಮನೆ ನಿಂತಲ್ಲೇ, ತಂಡಗಳು ಸರಿದವು. ಒಂದು ತಂಡ ನೆಲಕ್ಕೆ ಕಾಂಕ್ರೀಟ್ ಹಾಕಿ ಮುಂದಿನ ಸೈಟಿಗೆ ಹೋದರೆ, ಅಳತೆಗೆ ಕೊಯ್ದ ಮರ ಹಿಂದೆಯೇ ಬಂದಿಳಿಯುತ್ತಿತ್ತು. ಬಿಳಿ ಬಣ್ಣ ಹೊಡೆಯುವವನು ಬೇರೆ, ಕೆಂಪು ಹೊಡೆಯುವವನು ಬೇರೆ. ನೆಲಮಾಳಿಗೆಯನ್ನೇ ಕೈಬಿಟ್ಟದ್ದರಿಂದ ಅಗೆತದ ಖರ್ಚು ಉಳಿಯಿತು. 60×100 ಅಡಿ ಸೈಟಿನಲ್ಲಿ 750 ಚದರ ಅಡಿ ಮನೆ. ನಮ್ಮ ಮೇಸ್ತ್ರಿಗಳ ಲೆಕ್ಕದಲ್ಲಿ ಏಳೂವರೆ ಚದರ. ಸಂಸಾರ ಬೆಳೆದರೆ ಕೋಣೆ ಮಾಡಿಕೊಳ್ಳಲಿ ಎಂದು ಅಟ್ಟವನ್ನು ಹಾಗೇ ಖಾಲಿ ಬಿಟ್ಟಿದ್ದರು.

1949ರ ಮಾದರಿಗೆ 7,990 ಡಾಲರ್. ಮಾಜಿ ಸೈನಿಕರ ನೆರವಿಗೆ ತಂದ 1944ರ ಜಿ.ಐ. ಕಾಯ್ದೆಯಡಿ ಸಾಲಕ್ಕೆ ಸರ್ಕಾರದ ಖಾತರಿ ಇದ್ದುದರಿಂದ ಮಾಜಿ ಸೈನಿಕ ಮುಂಗಡವಿಲ್ಲದೆ, ಬರೀ ಕಂತಿನ ಮೇಲೆ ಮನೆಯ ಒಡೆಯನಾದ. 1951ರ ಹೊತ್ತಿಗೆ ಅಲ್ಲಿ 17,447 ಮನೆಗಳೆದ್ದಿದ್ದವು. ಒಂದೇ ತರಹದ ಡಬ್ಬಿಗಳು ಎಂದು ಮೂಗು ಮುರಿದವರಿಗೆ ಬಹುಶಃ ಸ್ವಂತ ಮನೆಯಿತ್ತು.

ವಿರೋಧ

ಅಗೆತದಲ್ಲಿ ಉಳಿಸಿದ್ದಕ್ಕೆ ಆಮೇಲೆ ದಂಡ ತೆತ್ತರು. ಮನೆ ಬೆಚ್ಚಗಿಡುವ ಬಿಸಿನೀರಿನ ತಾಮ್ರದ ಕೊಳವೆಗಳನ್ನು ಕಾಂಕ್ರೀಟಿನೊಳಗೇ ಹುದುಗಿಸಿದ್ದರು. ಅವು ಸವೆದು ಸೋರಿದರೆ ನೆಲ ಒಡೆಯಬೇಕು. ಎಷ್ಟೋ ಮಂದಿ ಹಳೆಯದಕ್ಕೆ ಕೈಮುಗಿದು ಗೋಡೆಯ ಬುಡದಲ್ಲಿ ಹೊಸ ಕೊಳವೆ ಎಳೆಸಿಕೊಂಡರು.

ಕೊಳವೆಯನ್ನಾದರೂ ಬದಲಿಸಬಹುದು. ಮೊದಮೊದಲು ಮನೆಗಳನ್ನು ಬಾಡಿಗೆಗೆ ಕೊಡುತ್ತಿದ್ದರು. ಆ ಬಾಡಿಗೆ ಕರಾರಿನ 25ನೇ ಕಲಮು, ಬಿಳಿಯರಲ್ಲದವರು ಮನೆಯಲ್ಲಿ ಇರಕೂಡದು ಎಂದಿತ್ತು. ಮನೆಗೆಲಸದವರಿಗೆ ಮಾತ್ರ ವಿನಾಯಿತಿ! ಇದನ್ನು ಒಬ್ಬ ಕಂಟ್ರಾಕ್ಟರನ ಹಟ ಎಂದು ತಳ್ಳಿಹಾಕುವಂತಿಲ್ಲ. ಸಾಲಕ್ಕೆ ವಿಮೆ ಕೊಡುತ್ತಿದ್ದ ಕೇಂದ್ರ ವಸತಿ ಆಡಳಿತದ ಕೈಪಿಡಿಯೇ ಜನಾಂಗ ಬೆರೆತ ಬಡಾವಣೆ ಅಪಾಯ ಎನ್ನುತ್ತಿತ್ತು. 1948ರಲ್ಲಿ ಸುಪ್ರೀಂ ಕೋರ್ಟ್ ಇಂಥ ಷರತ್ತನ್ನು ಕೋರ್ಟುಗಳು ಜಾರಿ ಮಾಡುವಂತಿಲ್ಲ ಎಂದಿತು. ಕಲಮು ಹೋಯಿತು, ಕಪ್ಪು ಜನರಿಗೆ ಮಾರದ ರೂಢಿ ಹೋಗಲಿಲ್ಲ. 1957ರಲ್ಲಿ, ಪೆನ್ಸಿಲ್ವೇನಿಯಾದಲ್ಲಿ ಲೆವಿಟ್ ಕಟ್ಟಿದ ಇನ್ನೊಂದು ಲೆವಿಟ್‌ಟೌನ್‌ನಲ್ಲಿ ಕಪ್ಪು ಜನಾಂಗದ ಮೈಯರ್ಸ್ ದಂಪತಿ ಹಿಂದಿನ ಮಾಲೀಕನಿಂದಲೇ ಮನೆ ಕೊಂಡರು. ಜನ ಗುಂಪುಗೂಡಿ ಕಲ್ಲೆಸೆದರು.

ಮನೆ ಮಾರಾಟದಲ್ಲಿ ಜನಾಂಗಭೇದ ನಿಷೇಧಿಸುವ ಕೇಂದ್ರ ಕಾನೂನು ಬಂದದ್ದು 1968ರಲ್ಲಿ. ಅಷ್ಟರಲ್ಲಿ ಮೊದಲು ಕೊಂಡವರು ಹೆಚ್ಚುಕಡಿಮೆ ಇಪ್ಪತ್ತು ವರ್ಷದ ಕಂತು ಕಟ್ಟಿದ್ದರು, ಮನೆಯ ಬೆಲೆಯೂ ಏರಿತ್ತು. ಅದೇ ಯುದ್ಧದಲ್ಲಿ ಕಾದಿದ ಕಪ್ಪು ಸೈನಿಕ ಈಗ ಆ ಏರಿದ ಬೆಲೆ ಕೊಡಬೇಕಿತ್ತು.